ಬಾಗಿಲಲ್ಲಿ ಅಳುವ ನಾಯಿ

ನಾಯಿ ಊಳಿಟ್ಟರೆ ನಮ್ಮ ಓಣಿಯಲ್ಲಿ ಮೊದಲು ಬಾಗಿಲುಗಳು ತೆರೆಯುತ್ತವೆ. ಹೆಂಗಸರು ಹೊಸ್ತಿಲಿಗೆ ಬಂದು, ಸೆರಗನ್ನು ಬಾಯಿಗೆ ಹಿಡಿದು, ಅದು ಯಾರ ಮನೆಯ ಮುಂದೆ ಮುಖ ಮೇಲೆತ್ತಿದೆ ಎಂದು ನೋಡುತ್ತಾರೆ. ಊಳಿಡುವುದು ಎಂದು ನಮ್ಮ ಕಡೆ ಯಾರೂ ಅನ್ನುವುದಿಲ್ಲ. ನಾಯಿ ಅಳುತ್ತದೆ ಅನ್ನುತ್ತಾರೆ. ಅಳುವುದು ಅಂದಮೇಲೆ ಯಾರಿಗೋಸ್ಕರ ಎಂಬ ಪ್ರಶ್ನೆ ತಾನಾಗಿಯೇ ಬರುತ್ತದೆ. ಮನೆಯಲ್ಲಿ ಒಬ್ಬರು ಹಾಸಿಗೆ ಹಿಡಿದಿದ್ದರೆ ಉತ್ತರವನ್ನು ಯಾರೂ ಬಾಯಿಬಿಟ್ಟು ಹೇಳಬೇಕಾಗಿಲ್ಲ.

ಆ ವರ್ಷ ನಮ್ಮ ಮನೆಯಲ್ಲಿ ಹಾಸಿಗೆ ಹಿಡಿದವನು ಅಪ್ಪ. ಹಾನಗಲ್ಲಿನ ಒಂದು ಅಕ್ಕಿ ಗಿರಣಿಯಲ್ಲಿ ಆಯುಷ್ಯವೆಲ್ಲ ಮಶಿನ್ ನೋಡಿಕೊಂಡಿದ್ದವನು, ಹೊಟ್ಟೆನೋವು ಅಂತ ಒಂದು ಮಧ್ಯಾಹ್ನ ಮನೆಗೆ ಬಂದು ಮಲಗಿದ. ಮತ್ತೆ ಗಿರಣಿಯ ಕಡೆ ಹೋಗಲಿಲ್ಲ. ಹುಬ್ಬಳ್ಳಿಯ ದವಾಖಾನೆಯಲ್ಲಿ ಹೊಟ್ಟೆ ಕೊಯ್ದು ನೋಡಿ, ಏನೂ ಮಾಡದೆ ಹಾಗೇ ಹೊಲಿದರು. ಡಾಕ್ಟರು ನನ್ನನ್ನೂ ಅವ್ವನನ್ನೂ ಹೊರಗೆ ಕರೆದು, ಇನ್ನು ಮಾಡುವಂಥದ್ದು ಏನಿಲ್ಲ, ಮನೆಗೆ ಕರೆದುಕೊಂಡು ಹೋಗಿ ತಿನ್ನಲು ಏನು ಕೇಳುತ್ತಾರೋ ಕೊಡಿ ಅಂದರು. ವಾಪಸು ಬರುವ ಗಾಡಿಯಲ್ಲಿ ಅವ್ವ ಅಪ್ಪನಿಗೆ, "ಹೊಟ್ಟ್ಯಾಗಿನ ಗಡ್ಡಿ ತಗದಾರಂತ, ಇನ್ನ ಆರಾಮ ಆಗತೈತಿ" ಅಂದಳು. ನಾನು ಕಿಟಕಿಯಾಚೆ ನೋಡುತ್ತ ಕೂತೆ. ಅಪ್ಪ ನಂಬಿದನೋ ಬಿಟ್ಟನೋ, ಮೇಲೆ ಒಂದು ಮಾತೂ ಕೇಳಲಿಲ್ಲ.

ನಾಯಿ ಅಪ್ಪನದು. ಗಿರಣಿಯ ಹೊಟ್ಟಿನ ರಾಶಿಯಲ್ಲಿ ಹುಟ್ಟಿದ ಮರಿಗಳಲ್ಲಿ ಒಂದನ್ನು ಸೈಕಲ್ಲಿಗೆ ತೂಗುಹಾಕಿದ ಚೀಲದಲ್ಲಿ ಕೂರಿಸಿಕೊಂಡು ತಂದಿದ್ದ. ಕೆಂಚು ಬಣ್ಣ, ಮಡಚಿದ ಒಂದು ಕಿವಿ, ಬೀದಿನಾಯಿಯೇ ಸರಿ. ಅದಕ್ಕೆ ಹೆಸರಿಡುವ ಗೋಜಿಗೂ ಹೋಗಲಿಲ್ಲ. "ಏ ಮಗನ" ಅಂದರೆ ಓಡಿ ಬರುತ್ತಿತ್ತು, ಇಬ್ಬರಿಗೂ ಅಷ್ಟು ಸಾಕಿತ್ತು. ಬೆಳಿಗ್ಗೆ ಅಪ್ಪ ಕಟ್ಟೆಯ ಮೇಲೆ ಕೂತು ರೊಟ್ಟಿ ತಿನ್ನುವಾಗ ಅರ್ಧ ಅವನಿಗೆ, ಅರ್ಧ ಅದಕ್ಕೆ. ರಾತ್ರಿ ಅವನ ಮಂಚದ ಕೆಳಗೆ ಮಲಗುತ್ತಿತ್ತು. ಅವ್ವ ಇದನ್ನು ಎಷ್ಟೋ ವರ್ಷ ಬಯ್ದು ಬಯ್ದು ಕೊನೆಗೆ ಕೈಬಿಟ್ಟಿದ್ದಳು.

ದವಾಖಾನೆಯಿಂದ ಬಂದಮೇಲೆ ಅವಳ ಮಾತು ನಡೆಯಿತು. "ಹೊಲಿಗಿ ಇನ್ನೂ ಹಸಿ ಅದಾವು. ನಾಯಿ ಕೂದಲ ಬಿತ್ತಂದ್ರ ಕೀವು ಆಗತೈತಿ" ಅಂತ ಅದನ್ನು ಹೊರಗೆ ಹಾಕಿ ಬಾಗಿಲಿಗೆ ಹಲಗೆ ಅಡ್ಡ ಇಟ್ಟಳು. ನಾನೂ ಸರಿ ಅಂದೆ. ಅಪ್ಪ ಒಳಕೋಣೆಯಲ್ಲಿ, ನಾಯಿ ಹಲಗೆಯ ಆಚೆ. ಅದು ದಿನವಿಡೀ ಅಲ್ಲೇ ಕೂತು, ಒಳಗೆ ಪಾತ್ರೆಯ ಸದ್ದಾದರೂ ಕಿವಿ ನಿಮಿರಿಸುತ್ತಿತ್ತು.

ಒಂದು ಸಂಜೆ ದೀಪ ಹಚ್ಚುವ ಹೊತ್ತಿಗೆ ಅದು ಮುಖ ಮೇಲೆತ್ತಿ ಅತ್ತಿತು. ಉದ್ದಕ್ಕೆ, ಎಳೆದು, ಕೊನೆಯಲ್ಲಿ ಧ್ವನಿ ಒಡೆಯುವ ಹಾಗೆ. ಅವ್ವ ಊದಿನಕಡ್ಡಿಯನ್ನು ದೇವರ ಮುಂದೆಯೇ ಬಿಟ್ಟು ಓಡಿಬಂದು ಕಲ್ಲು ಎತ್ತಿಕೊಂಡಳು. ಒಳಗಿನಿಂದ ಅಪ್ಪ, "ಹೊಡೀಬ್ಯಾಡ" ಅಂದ. ಅವ್ವ ಕಲ್ಲು ಕೆಳಗೆ ಹಾಕಿದಳು. ನಾಯಿ ತನ್ನಷ್ಟಕ್ಕೆ ತಾನೇ ಸುಮ್ಮನಾಗಿ ಹಲಗೆಗೆ ಮೂಗು ಹಚ್ಚಿ ಮಲಗಿತು. ಎದುರಿನ ಮೂರು ಮನೆಯ ಬಾಗಿಲು ತೆರೆದಿದ್ದವು. ಒಬ್ಬೊಬ್ಬರಾಗಿ ಕದ ಮುಚ್ಚಿಕೊಂಡು ಒಳಗೆ ಹೋದರು.

ಮರುದಿನ ಅದೇ ಹೊತ್ತಿಗೆ ಮತ್ತೆ ಅತ್ತಿತು. ಹೊಡೆಯುವ ಹಾಗಿಲ್ಲ, ಅಪ್ಪ ಕೇಳಿಸಿಕೊಳ್ಳುತ್ತಾನೆ. ಅವ್ವ ಬುಟ್ಟಿಯಿಂದ ಒಂದು ರೊಟ್ಟಿ ತೆಗೆದು ಅದರ ಮುಂದೆ ಎಸೆದಳು. ನಾಯಿ ಬಾಯಿ ಮುಚ್ಚಿತು. ರೊಟ್ಟಿ ಬಾಯಲ್ಲಿಟ್ಟುಕೊಂಡು ಯಾವ ನಾಯಿ ಅತ್ತೀತು? ಅವ್ವನಿಗೆ ಭಾರಿ ಉಪಾಯ ಸಿಕ್ಕ ಹಾಗಾಯಿತು. ಅದರ ಮರುದಿನವೂ ರೊಟ್ಟಿ. ಪಕ್ಕದ ಮನೆಯ ಚಾಚಿ ಸವಣೂರಿನ ಹೆಣ್ಣುಮಗಳು, ಅಪ್ಪನನ್ನು ಅಣ್ಣ ಅನ್ನುವವಳು. ಆಕೆಗೂ ನಾಯಿ ಅಳುವುದೆಂದರೆ ಆಗದು. ಅವಳು ಗೋಡೆಯ ಮೇಲಿಂದ ಬೇಕರಿಯ ಪಾವು ಎಸೆಯತೊಡಗಿದಳು. ಎದುರು ಮನೆಯವರು ಅನ್ನ ತಂದು ಸುರಿದರು. ಹೀಗೆ ಒಂದು ಓಣಿಗೆ ಓಣಿಯೇ ಸೇರಿ, ಸಾವನ್ನು ಬಾಗಿಲಿಂದ ಓಡಿಸುತ್ತೇವೆ ಅಂದುಕೊಂಡು, ಒಂದು ನಾಯಿಗೆ ಹೊತ್ತು ಹೊತ್ತಿಗೆ ಅಳುವುದನ್ನು ಕಲಿಸಿತು. ಸಂಜೆ ಒಂದು ಸಲ ಅಳುತ್ತಿದ್ದದ್ದು ಬೆಳಿಗ್ಗೆಯೂ ಅಳತೊಡಗಿತು. ಆಮೇಲೆ ಯಾರ ಮನೆಯಲ್ಲಿ ರೊಟ್ಟಿ ಬಡಿಯುವ ಸದ್ದು ಕೇಳಿದರೂ ಅಳತೊಡಗಿತು.

ಒಳಕೋಣೆಯಲ್ಲಿ ಅಪ್ಪ ಇದನ್ನೆಲ್ಲ ಬೇರೆಯದೇ ಲೆಕ್ಕದಲ್ಲಿ ಕೇಳುತ್ತಿದ್ದ. ಅವನಿಗೆ ಎಸೆದ ರೊಟ್ಟಿ ಕಾಣುತ್ತಿರಲಿಲ್ಲ, ಅಳು ಮಾತ್ರ ಕೇಳುತ್ತಿತ್ತು. ನಾವು ಯಾರೂ ಹೇಳದ ಸುದ್ದಿಯನ್ನು ನಾಯಿ ಹೇಳುತ್ತಿದೆ ಎಂದು ಅವನು ತಿಳಿದ. ಅತ್ತು ಮುಗಿದಮೇಲೆ ನನ್ನನ್ನು ಕರೆದು, "ಯಾ ಕಡೆ ಮಾರಿ ಮಾಡಿ ಕುಂತಿತ್ತು?" ಅಂತ ಕೇಳುತ್ತಿದ್ದ. ರಸ್ತೆ ಕಡೆ ಅಂತ ನಾನು ಸುಳ್ಳು ಹೇಳುತ್ತಿದ್ದೆ. ಅವನು ತಲೆ ಅಲ್ಲಾಡಿಸುತ್ತಿದ್ದ. ಸಂಜೆಯ ಗಂಜಿ ಬಿಟ್ಟ. ದೀಪ ಹಚ್ಚುವ ಹೊತ್ತು ಹತ್ತಿರ ಬಂದರೆ ಚಾದರದ ಅಂಚನ್ನು ಮುಷ್ಟಿಯಲ್ಲಿ ಹಿಡಿದುಕೊಳ್ಳುತ್ತಿದ್ದ. ಗಿರಣಿಯ ಬೆಲ್ಟಿಗೆ ಹೆದರದೆ ಕೈಹಾಕುತ್ತಿದ್ದ ಮನುಷ್ಯ ಅವನು. ಆ ಮುಷ್ಟಿ ನೋಡಿದರೆ ನನಗೆ ನಾಯಿಯ ಮೇಲಲ್ಲ, ಇಡೀ ಓಣಿಯ ಮೇಲೆ ಸಿಟ್ಟು ಬರುತ್ತಿತ್ತು.

ಆ ಹೆದರಿಕೆಯಲ್ಲೇ ಅವನು ಅಕ್ಕನ ಹೆಸರೆತ್ತಿದ್ದು. ಅವನ ಅಕ್ಕ, ಅಂದರೆ ನನ್ನ ಸೋದರತ್ತೆ, ಹಿರೇಕೆರೂರು ತಾಲೂಕಿನ ಅಬಲೂರಿನಲ್ಲಿದ್ದಾಳೆ. ಅಜ್ಜಿ ತೀರಿಕೊಂಡಾಗ ಅತ್ತೆಗೆ ಹೇಳಿಕಳಿಸಿದ್ದರು. ಅಂದು ಬಸ್ಸು ಕೆಟ್ಟು ದಾರಿಯಲ್ಲಿ ನಿಂತಿತು. ಹಿರಿಯರು ಹೊತ್ತು ಮುಳುಗುತ್ತದೆ ಅಂದರು, ಅಪ್ಪ ಹೂಂ ಅಂದ. ಅತ್ತೆ ಬಂದಾಗ ಮಣ್ಣು ಮುಚ್ಚಿ ಆಗಿತ್ತು. ಅವಳು ಅಲ್ಲಿಂದಲೇ, ಮನೆಗೂ ಬರದೆ, ತಿರುಗಿ ಹೋದಳು. "ಹಡದವ್ವನ ಮಾರಿ ನೋಡಾಕ ಬಿಡಲಿಲ್ಲ ಅಂವ. ಇನ್ನ ಅವನ ಮಾರಿ ನಾ ನೋಡಂಗಿಲ್ಲ" ಅಂದಳು, ಅಂದ ಹಾಗೆ ನಡೆದುಕೊಂಡಳು. ಪ್ರತಿ ವರ್ಷ ನಾಗರ ಪಂಚಮಿಗೆ ಹೆಣ್ಣುಮಕ್ಕಳು ತವರಿಗೆ ಬರುವಾಗ ಅಪ್ಪ ಗಿರಣಿಯಲ್ಲಿ ಏನಾದರೂ ಕೆಲಸ ಹಚ್ಚಿಕೊಳ್ಳುತ್ತಿದ್ದ.

"ಅಕ್ಕಗ ಫೋನ ಹಚ್ಚು" ಅಂತ ಒಂದು ಸಂಜೆ ನಾಯಿ ಅತ್ತು ಮುಗಿದಮೇಲೆ ಅಂದ. ಹಚ್ಚಿದೆ. ಆ ಕಡೆ ರಿಂಗ್ ಆಗುತ್ತಿರುವಾಗಲೇ, "ಬ್ಯಾಡ, ಇಡು. ನಾಳೆ ಮಾಡೂಣು" ಅಂದ. ಮರುದಿನವೂ ಅದೇ. ಆದರೂ ಫೋನು ದಿಂಬಿನ ಪಕ್ಕಕ್ಕೆ ಬಂದಿತ್ತು. ಇವತ್ತಲ್ಲ ನಾಳೆ ಮಾತಾಡುತ್ತಾನೆ ಎಂದು ನನಗೆ ಅನ್ನಿಸುತ್ತಿತ್ತು.

ಅಷ್ಟರಲ್ಲಿ ಓಣಿಯವರು ನಾಯಿಯ ವಿಚಾರ ತೀರ್ಮಾನಿಸಿದ್ದರು. ಟೆಂಪೊ ಓಡಿಸುವ ಒಬ್ಬಾತ ಮನೆಗೆ ಬಂದು, "ಬಂಕಾಪುರದ ಆಚೆ ಬಿಟ್ಟ ಬರ್ತೇನ್ರಿ. ಬ್ಯಾನಿ ಮನುಷ್ಯಾ ಇದ್ದ ಮನ್ಯಾಗ ಇದು ಚಲೋ ಅಲ್ಲ" ಅಂದ. ಅಪ್ಪನಿಗೆ ಕೇಳಿಸಿತು.

"ಅದನ್ನ ಒಯ್ಯೂದಾದ್ರ ನನ್ನೂ ಅದ ಟೆಂಪೊದಾಗ ಒಯ್ದು ಒಗದ ಬಾ" ಅಂದ.

ಹೆದರಿಸುವ ನಾಯಿಯೂ ಬೇಕು, ಅದು ಅಳಲೂಬಾರದು, ಹೊಡೆಯಲೂಬಾರದು. ಇದು ಅಪ್ಪನ ಕಟ್ಟಳೆ. ಸರಿ, ನಾನು ನೋಡಿಕೊಳ್ಳುತ್ತೇನೆ ಅಂದೆ.

ನಾನು ಅಂಗನವಾಡಿ ಟೀಚರು. ಮದುವೆಯಾಗಿ ಎರಡು ವರ್ಷಕ್ಕೆ ತವರಿಗೆ ವಾಪಸು ಬಂದವಳು, ಆ ಕಥೆ ಇಲ್ಲಿ ಬೇಡ. ಗಮನ ಸೆಳೆಯಲು ಅಳುವ ಮಕ್ಕಳನ್ನು ನಾನು ನೋಡಿದಷ್ಟು ಯಾರೂ ನೋಡಿರಲಿಕ್ಕಿಲ್ಲ. ಬಿದ್ದು ಅಳುವ ಕೂಸು ನೆಲ ನೋಡುತ್ತದೆ. ನಮ್ಮನ್ನು ಮಣಿಸಲು ಅಳುವ ಕೂಸು ನಮ್ಮ ಮುಖ ನೋಡುತ್ತದೆ. ಅಂಥ ಕೂಸಿಗೆ ಗದರಿಕೆಯೂ ಒಂದು ಬಹುಮಾನವೇ. ಸುಮ್ಮನಿರು ಅಂದರೂ ಅದು ಗೆದ್ದ ಹಾಗೆ. ಮುಖ ತಿರುಗಿಸಬೇಕು. ಬೆನ್ನು ಮಾಡಿ ಬೇರೆ ಕೆಲಸ ಮಾಡಬೇಕು. ಅಳು ನಿಂತು ಒಂದು ಉಸಿರು ಎಳೆದುಕೊಂಡ ಗಳಿಗೆಯಲ್ಲಿ ತಿರುಗಿ ಎತ್ತಿಕೊಳ್ಳಬೇಕು. ನಾಯಿಗೂ ಇದೇ ಹತ್ತುತ್ತದೆ ಎಂದು ನನಗೆ ಖಾತ್ರಿಯಿತ್ತು, ಯಾಕೆಂದರೆ ಅದೂ ಅಳುವಾಗ ಒಂದು ಕಣ್ಣಿನಲ್ಲಿ ಅಡುಗೆಮನೆಯ ಬಾಗಿಲು ನೋಡುತ್ತಿತ್ತು.

ನಾಯಿಗೆ ಕಲಿಸುವುದು ಸುಲಭ, ಓಣಿಗೆ ಕಲಿಸುವುದೇ ಕಷ್ಟವಾಯಿತು. ಅಳುವಾಗ ಯಾರೂ ಬಾಗಿಲಿಗೆ ಬರಬಾರದು, ನೋಡಬಾರದು, ಹಚ್ ಅನ್ನಬಾರದು, ಏನೂ ಹಾಕಬಾರದು ಎಂದು ಮನೆಮನೆಗೆ ಹೋಗಿ ಹೇಳಿದೆ. "ಅಳೂ ನಾಯಿಗೆ ತಿನ್ನಾಕ ಕೊಡಲಾರದ ಹೆಂಗ ಇರೂದವಾ?" ಅಂತ ಚಾಚಿ ಕೇಳಿದಳು. ಅತ್ತಾಗ ಕೊಡಬೇಡಿ, ಸುಮ್ಮನಿದ್ದಾಗ ಕೊಡಿ ಅಂದೆ. ಅವಳು ನನ್ನನ್ನು ಹುಚ್ಚಿಯ ಹಾಗೆ ನೋಡಿ, "ಸುಮ್ನ ಇದ್ದವರಿಗೆ ಯಾರ ಕೊಡ್ತಾರ ಬೇಟಿ" ಅಂದಳು.

ಮೊದಲ ದಿನಗಳು ನರಕ. ರೊಟ್ಟಿ ಬಾರದೆ ಹೋದಾಗ ನಾಯಿ ತಾನು ಸಾಕಷ್ಟು ಜೋರಾಗಿ ಅಳುತ್ತಿಲ್ಲ ಎಂದುಕೊಂಡಿತು. ಗಂಟಲು ಹರಿಯುವ ಹಾಗೆ ಅತ್ತಿತು, ಹಲಗೆ ಕೆರೆಯಿತು. ಅವ್ವ ಕಿವಿ ಮುಚ್ಚಿಕೊಂಡು ಒಲೆಯ ಮುಂದೆ ಕೂತಳು. ಒಂದು ಸಲ ತಡೆಯಲಾರದೆ ಕದ್ದು ಒಂದು ತುಂಡು ಎಸೆದಳು, ಅದುವರೆಗಿನ ಕಷ್ಟವೆಲ್ಲ ನೀರಲ್ಲಿ ಹೋಯಿತು. ಅವತ್ತು ನಾನು ಅವ್ವನ ಮೇಲೆ ಹಾರಾಡಿದ್ದು ಓಣಿಗೆಲ್ಲ ಕೇಳಿಸಿತು. ಮರುದಿನದಿಂದ ರೊಟ್ಟಿಯ ಬುಟ್ಟಿಯನ್ನು ನನ್ನ ಟ್ರಂಕಿನ ಮೇಲೆ ಇಟ್ಟುಕೊಂಡೆ.

ಹಿತ್ತಲ ನೀರಿನ ಟಾಕಿಯ ಪಕ್ಕ ಒಂದು ಗೋಣಿಚೀಲ ಹಾಸಿದೆ. ಬಾಗಿಲಲ್ಲಿ ಅತ್ತರೆ ಏನೂ ಇಲ್ಲ, ಮನೆಯವರೆಲ್ಲ ಗೋಡೆಗೆ ಮುಖ. ಚೀಲದ ಮೇಲೆ ಬಾಯಿ ಮುಚ್ಚಿ ಕೂತರೆ ರೊಟ್ಟಿ, ಕಿವಿಯ ಹಿಂದೆ ತುರಿಸುವುದು, ಏ ಮಗನ ಎಂಬ ಮಾತು. ಬೆಳಿಗ್ಗೆ ಅಂಗನವಾಡಿಗೆ ಹೋಗುವಾಗ ಜೊತೆಗೆ ಕರೆದುಕೊಂಡು ಹೋದೆ. ಮಕ್ಕಳ ಗದ್ದಲದಲ್ಲಿ ಸುತ್ತಿ ದಣಿದು ಬರುತ್ತಿತ್ತು. ಅಳು ಬೆಳಗಿನದು ಮೊದಲು ಹೋಯಿತು. ಸಂಜೆಯದು ಸಣ್ಣದಾಗಿ ಕುಂಯ್‌ಗುಟ್ಟುವಲ್ಲಿಗೆ ಬಂದು, ಒಂದು ದಿನ ಅದೂ ನಿಂತಿತು. ದೀಪ ಹಚ್ಚಿದರು, ಎದುರಿನ ಮನೆಯಲ್ಲಿ ರೊಟ್ಟಿ ಬಡಿದರು, ನಾಯಿ ಎದ್ದು ತಾನಾಗಿಯೇ ಚೀಲದ ಮೇಲೆ ಹೋಗಿ ಕೂತು ನನ್ನ ದಾರಿ ಕಾಯಿತು. ನನಗೆ ಎಷ್ಟು ಖುಷಿಯಾಯಿತೆಂದರೆ ಅವತ್ತು ಅದಕ್ಕೆ ತುಪ್ಪ ಹಚ್ಚಿದ ರೊಟ್ಟಿ ಹಾಕಿದೆ.

ಆ ಖುಷಿ ಬಹಳ ದಿನ ಉಳಿಯಲಿಲ್ಲ. ಯಾಕೆಂದರೆ ನನಗಿಂತ ಖುಷಿಯಾದವನು ಅಪ್ಪ.

"ನಾಯಿ ಅಳೂದು ಬಿಟ್ಟೈತಿ, ನೋಡ್ದೇನು" ಅಂದ ಅವ್ವನಿಗೆ. "ಅದಕ್ಕ ಗೊತ್ತಾಗತೈತಿ. ನಾ ಪಾರಾದೆ." ಸಂಜೆಯ ಗಂಜಿ ಮತ್ತೆ ಶುರುವಾಯಿತು. ಗಡ್ಡ ಮಾಡಿಸಿಕೊಂಡ. ಗಿರಣಿಯ ಖಾಕಿ ಅಂಗಿ ಒಗೆದಿಡು ಅಂದ. ಹುಲಗೂರಿನ ದರ್ಗಾಕ್ಕೆ ಹೋಗಿ ಹರಕೆಯ ಸಕ್ಕರೆ ಓದಿಸಿಕೊಂಡು ಬರೋಣ ಎಂದು ಚಾಚಿಯ ಹತ್ತಿರ ಮಾತಾಡಿದ, ಆಕೆ ಕಣ್ಣೊರೆಸಿಕೊಳ್ಳುತ್ತ ಹೂಂ ಅಂದಳು. ಕಾಲು ಬಾತಿದ್ದವು. ಕಣ್ಣಿನ ಬಿಳಿ ಅರಿಸಿನವಾಗಿತ್ತು. ಆ ಅರಿಸಿನ ಕಣ್ಣಿಟ್ಟುಕೊಂಡು ಅವನು ನಗುತ್ತಿದ್ದ. ಫೋನು ದಿಂಬಿನ ಪಕ್ಕದಿಂದ ಗೋಡೆಯ ಗೂಡಿಗೆ ಹೋಯಿತು.

"ಅಬಲೂರ ಅತ್ತೀಗೆ ಫೋನ ಹಚ್ಚಲೇನಪ್ಪಾ?" ಅಂದೆ.

"ಈಗ ಯಾಕ? ಸಾಯಾಕ ಬಿದ್ದವರು ಕರದಂಗ ಕರೀಬಾರ್ದು. ಪಂಚಮಿಗೆ ನಾನ ಅಬಲೂರಿಗೆ ಹೋಗಿ ಕರಕೊಂಡ ಬರ್ತೇನಿ."

ಆಗ ಇನ್ನೂ ಬೇಸಿಗೆ. ಪಂಚಮಿ ಬರಬೇಕಾದರೆ ಮಳೆಗಾಲ ಹಿಡಿದು ಶ್ರಾವಣ ಬರಬೇಕು. ಅವನ ಕಾಲು ಒತ್ತಿದರೆ ನನ್ನ ಬೆರಳಿನ ಗುಳಿ ಹಾಗೇ ಉಳಿಯುತ್ತಿತ್ತು. ಯಾವ ಪಂಚಮಿ?

ಅಂಗನವಾಡಿಯ ಹಿಂದೆ ನಿಂತು ನಾನೇ ಅತ್ತೆಗೆ ಫೋನು ಮಾಡಿದೆ. ಇದ್ದದ್ದನ್ನು ಇದ್ದ ಹಾಗೆ ಹೇಳಿದೆ. "ಅಂವಾ ಕರದಾನೇನು?" ಅಂತ ಅತ್ತೆ ಕೇಳಿದಳು.

"ಇಲ್ಲತ್ತಿ. ನಾ ಕರ್ಯಾಕತ್ತೇನಿ."

"ನೀ ಕರದ್ರ ಬರಂಗಿಲ್ಲವಾ. ಅವನ ಬಾಯಿಲೆ ಒಂದ ಸಲ ಬಾ ಅನ್ಲಿ. ಎದ್ದಾಕಿನ ಬರ್ತೇನಿ."

ಈ ಮನೆತನದ ಹಟಕ್ಕೆ ಬೆಂಕಿ ಹಾಕಬೇಕು ಅನ್ನಿಸಿತು. ಒಬ್ಬ ಸಾಯುವವರೆಗೆ ಕರೆಯುವುದಿಲ್ಲ, ಇನ್ನೊಬ್ಬಳು ಕರೆಯುವವರೆಗೆ ಬರುವುದಿಲ್ಲ. ಅಜ್ಜಿಯ ಮಣ್ಣಿನಲ್ಲಿ ಆದದ್ದೇ ಅಪ್ಪನ ಮಣ್ಣಿನಲ್ಲೂ ಆಗುತ್ತದೆ ಎಂದು ನನಗೆ ಸ್ಪಷ್ಟವಾಗಿ ಕಂಡಿತು. ಅತ್ತೆ ಕೊನೆಯ ಬಸ್ಸಿಗೆ ಬಂದು ಮುಚ್ಚಿದ ಕುಣಿಯ ಮುಂದೆ ನಿಲ್ಲುತ್ತಾಳೆ. ನಾಯಿ ಅಳುತ್ತಿದ್ದಾಗ ಫೋನು ದಿಂಬಿನ ಪಕ್ಕದಲ್ಲಿತ್ತು. ನಾಯಿಯನ್ನು ಸುಮ್ಮನಾಗಿಸಿದವಳು ನಾನು.

ಅವ್ವನಿಗೆ ಹೇಳಿದೆ, ಅಪ್ಪನಿಗೆ ನಿಜ ಹೇಳುತ್ತೇನೆ ಅಂತ. ಅವಳು ನನ್ನ ಎರಡೂ ಕೈ ಹಿಡಿದುಕೊಂಡಳು. "ನಗಾಕತ್ತಾನ. ಎಷ್ಟ ದಿವಸ ಇರ್ತಾನ ಅಷ್ಟ ದಿವಸ ನಗಲಿ ಬಿಡವಾ. ಅಕ್ಕ ಬಂದ್ರೇನು ಬಿಟ್ರೇನು." ಅವಳ ಮಾತು ತಪ್ಪು ಎಂದು ನಾನು ಇವತ್ತಿಗೂ ಹೇಳಲಾರೆ. ಅವಳು ಅವನ ಜೊತೆ ಬಾಳಿದವಳು, ಅವನ ನಗು ಎಷ್ಟು ಅಪರೂಪ ಎಂದು ಬಲ್ಲವಳು. ನಾನು ಕೆಲವು ದಿನ ಬಾಯಿ ಮುಚ್ಚಿಕೊಂಡಿದ್ದೆ.

ಒಂದು ಬೆಳಿಗ್ಗೆ ಅಪ್ಪ ಗೋಡೆಯ ಕ್ಯಾಲೆಂಡರ್ ತೆಗೆದುಕೊಡು ಅಂದ. ಪಂಚಮಿ ಯಾವ ವಾರ ಬರುತ್ತದೆ ನೋಡಿದ. "ಅಕ್ಕಗ ಒಂದ ಇಳಕಲ್ಲ ಸೀರಿ ತಗದಿಡ್ರಿ. ದೊಡ್ಡ ದಡಿದು" ಅಂದ. ನನಗೆ ತಡೆಯಲಾಗಲಿಲ್ಲ.

"ಅಪ್ಪಾ, ನಾಯಿ ತಾನ ಸುಮ್ನಾಗಿಲ್ಲ. ನಾ ಸುಮ್ನಾಗಿಸೇನಿ."

ಅವನಿಗೆ ಅರ್ಥವಾಗಲಿಲ್ಲ. ಎಲ್ಲ ಹೇಳಿದೆ. ರೊಟ್ಟಿ, ಪಾವು, ಗೋಣಿಚೀಲ, ಗೋಡೆಗೆ ಮುಖ ಮಾಡಿದ್ದು. ಅದು ಅಳುತ್ತಿದ್ದದ್ದೂ ರೊಟ್ಟಿಗೆ, ಅಳು ಬಿಟ್ಟಿದ್ದೂ ರೊಟ್ಟಿಗೆ ಅಂದೆ.

"ಸುಳ್ಳ" ಅಂದ. ಆಮೇಲೆ ನನ್ನನ್ನು ದಿಟ್ಟಿಸಿ, "ಹಂಗಾರ ಅಳಿಸಿ ತೋರ್ಸು" ಅಂದ.

ಬುಟ್ಟಿಯಿಂದ ರೊಟ್ಟಿ ತೆಗೆದುಕೊಂಡು ಬಾಗಿಲಿಗೆ ಹೋದೆ. ಹಲಗೆಯ ಈಚೆ ನಾನು, ಆಚೆ ನಾಯಿ. ಕೈಯಲ್ಲಿನ ರೊಟ್ಟಿ ನೋಡಿ ಅದು ಕಲಿಸಿದ ಹಾಗೆ ಬಾಯಿ ಮುಚ್ಚಿ ನೆಟ್ಟಗೆ ಕೂತಿತು. ನಾನು ಕೊಡಲಿಲ್ಲ. ಬಾಲ ಅಲ್ಲಾಡಿಸಿತು. ಕೊಡಲಿಲ್ಲ. ಎದ್ದು ಹಿತ್ತಲಿಗೆ ಓಡಿ ಚೀಲದ ಮೇಲೆ ಕೂತು, ನಾನು ಬರದ್ದು ನೋಡಿ ತಿರುಗಿ ಓಡಿಬಂತು. ತನಗೆ ಗೊತ್ತಿದ್ದ ಒಳ್ಳೆಯತನವನ್ನೆಲ್ಲ ಅದು ನನ್ನ ಮುಂದೆ ಮಾಡಿ ತೋರಿಸಿತು. ನಾನು ಅದರ ಕಣ್ಣನ್ನೇ ನೋಡುತ್ತ ನಿಂತೆ. ಇಷ್ಟು ದಿನ ತಿರುಗಿಸಿದ ಮುಖವನ್ನು ತಿರುಗಿಸದೆ ನಿಲ್ಲುವುದು ಎಂಥ ಕ್ರೌರ್ಯವಾಗಬಹುದು ಎಂದು ಅವತ್ತು ಗೊತ್ತಾಯಿತು. ಅದು ಕುಂಯ್ ಅಂದಿತು. ಆಮೇಲೆ, ಅನುಮಾನಿಸುತ್ತ, ಮುಖ ಮೇಲೆತ್ತಿ ಅತ್ತಿತು. ನಾನು ರೊಟ್ಟಿ ಹಾಕಿದೆ. ಅಳು ಅರ್ಧಕ್ಕೆ ನಿಂತಿತು. ಅಡುಗೆಮನೆಯಲ್ಲಿ ಅವ್ವ ಸೆರಗಿನಲ್ಲಿ ಮುಖ ಮುಚ್ಚಿಕೊಂಡಿದ್ದಳು.

ಒಳಗೆ ಬಂದೆ. ಅಪ್ಪ ಕ್ಯಾಲೆಂಡರನ್ನು ಎದೆಯ ಮೇಲೆ ಬೋರಲು ಹಾಕಿಕೊಂಡಿದ್ದ.

"ಡಾಕ್ಟರು ಖರೇ ಏನಂದ್ರು?"

ಹೇಳಿದೆ.

"ಅಂದ್ರ ನಾಯಿಗೆ ನನ್ನ ಖಬರ ಇದ್ದಿಲ್ಲ" ಅಂದ. ಸಾವಿನ ಸುದ್ದಿಗಿಂತ ಅದೇ ಅವನಿಗೆ ಹೆಚ್ಚು ತಟ್ಟಿದ ಹಾಗೆ ಕಂಡಿತು. "ಎರಡೂ ರೊಟ್ಟಿಗೆ." ಆಮೇಲೆ ಗೋಡೆಯ ಕಡೆ ಹೊರಳಿ, "ಫೋನ ನಿಮ್ಮವ್ವನ ಕೈಯಾಗ ಕೊಡು, ನೀ ಹೊರಗ ಹೋಗು" ಅಂದ.

ನಾನು ಬಾಗಿಲ ಹಿಂದೆ ನಿಂತು ಕೇಳಿದೆ. ಅವನು ಅಂದದ್ದು ಒಂದೇ ಮಾತು. "ಅಕ್ಕಾ, ಬಾ."

ಅದಾದಮೇಲೆ ಅಪ್ಪ ನನ್ನ ಜೊತೆ ಮಾತಾಡಲಿಲ್ಲ. ಗಂಜಿ ತಂದರೆ ಗೋಡೆಗೆ ಮುಖ, ಕಾಲು ಒತ್ತಲು ಹೋದರೆ ಕಾಲು ಎಳೆದುಕೊಳ್ಳುವುದು. ಬಯ್ದಿದ್ದರೆ ಬಯ್ಯಿಸಿಕೊಳ್ಳುತ್ತಿದ್ದೆ. ಈ ವಿದ್ಯೆ ನನ್ನದೇ, ಅದರ ರುಚಿ ಹೇಗಿರುತ್ತದೆ ಎಂದು ಮಾತ್ರ ನನಗೆ ಗೊತ್ತಿರಲಿಲ್ಲ. ನಾಯಿಗಾದರೆ ಗೋಣಿಚೀಲವಿತ್ತು, ಅಲ್ಲಿ ಹೋಗಿ ಸುಮ್ಮನೆ ಕೂತರೆ ಎಲ್ಲ ಸರಿಹೋಗುತ್ತಿತ್ತು. ನಾನು ಎಲ್ಲಿ ಹೋಗಿ ಕೂರಬೇಕು ಎಂದು ನನಗೆ ಯಾರೂ ಹೇಳಲಿಲ್ಲ. ಬಹಳ ಸಂಕಟಪಟ್ಟೆ. ಮಾಡಿದ್ದು ತಪ್ಪು ಅಂತ ಮಾತ್ರ ಅನ್ನಿಸಲಿಲ್ಲ.

ಅತ್ತೆ ಮರುದಿನ ಮಧ್ಯಾಹ್ನವೇ ಬಂದಳು. ಅಬಲೂರಿಂದ ಹಿರೇಕೆರೂರು, ಅಲ್ಲಿಂದ ಹಾನಗಲ್ಲಿನ ಬಸ್ಸು. ಸಣ್ಣಗೆ ಬಾಗಿದ್ದಳು, ತಲೆ ಪೂರ್ತಿ ಬೆಳ್ಳಗಾಗಿತ್ತು. ಬಗಲಲ್ಲಿ ಬಿಳಿ ಬಟ್ಟೆಯ ಗಂಟು. ಓಣಿಯ ಹೆಂಗಸರೆಲ್ಲ ಬಾಗಿಲಿಗೆ ಬಂದು ನಿಂತರು, ಆ ಜಗಳ ಗೊತ್ತಿಲ್ಲದವರು ಯಾರೂ ಇರಲಿಲ್ಲ. ಅತ್ತೆ ಮನೆಯ ಮೆಟ್ಟಿಲಿಗೆ ಒಂದು ಕಾಲು ಇಟ್ಟಳು.

ನಾಯಿ ಹಲಗೆಯ ಪಕ್ಕದಿಂದ ಎದ್ದು, ಅವಳ ಗಂಟನ್ನು ಮೂಸಿ, ಮುಖ ಮೇಲೆತ್ತಿ ಉದ್ದಕ್ಕೆ ಅತ್ತಿತು. ಒಂದು ಸಲ ಕಲಿತು ಬಿಟ್ಟ ಚಾಳಿಯನ್ನು ನಾನೇ ಹಿಂದಿನ ದಿನ ಎಬ್ಬಿಸಿದ್ದೆ, ಅದಕ್ಕೆ ಮೊದಲಿಗಿಂತ ಜೋರು ಬಂದಿತ್ತು.

ಅತ್ತೆ ಕಾಲು ಹಿಂದಕ್ಕೆ ತೆಗೆದಳು. "ಶಿವನ... ನಾ ಕಾಲಿಡೂ ಹೊತ್ತಿಗೆ ಹಿಂಗ ಅಳತೈತಲ್ಲ" ಅಂದಳು. "ನನ್ನ ಕಾಲ್ಗುಣ ನನ್ನ ತಮ್ಮಗ ಬ್ಯಾಡ." ಅವಳು ನಿಜವಾಗಿಯೂ ತಿರುಗಿದಳು. ನಾನು ಹೋಗಿ ತೋಳು ಹಿಡಿದೆ, ಕೊಸರಿಕೊಂಡಳು. ನಾಯಿ ಅಳುತ್ತಲೇ ಇತ್ತು. ಓಣಿ ನೋಡುತ್ತಲೇ ಇತ್ತು. ಅಪ್ಪನ ನಗು ಕಿತ್ತುಕೊಂಡು ನಾನು ಕರೆಸಿದ್ದ ಅಕ್ಕ ಅವನ ಹೊಸ್ತಿಲಿಂದಲೇ ವಾಪಸು ಹೋಗುತ್ತಿದ್ದಳು.

ಆಗ ಒಳಕೋಣೆಯಿಂದ ಅಪ್ಪನ ಧ್ವನಿ ಬಂತು. ಗಿರಣಿಯ ಸದ್ದಿನ ಮೇಲೆ ಕೂಗಿ ಅಭ್ಯಾಸವಾದ ಹಳೆಯ ಧ್ವನಿ. ಅದು ಇನ್ನೂ ಆ ಮೈಯಲ್ಲಿ ಉಳಿದಿದೆ ಎಂದು ನಮಗೆ ಯಾರಿಗೂ ಗೊತ್ತಿರಲಿಲ್ಲ.

"ಅಕ್ಕಾ! ಒಳಗ ಬಾ. ಅದು ನನಗ ಅಳಾಕತ್ತಿಲ್ಲ. ನಿನ್ನ ಗಂಟಿನ್ಯಾಗಿನ ರೊಟ್ಟಿಗೆ ಅಳಾಕತ್ತೈತಿ."

ಅತ್ತೆ ನಿಂತಳು. ಗಂಟು ನೋಡಿಕೊಂಡಳು. ಅದರಲ್ಲಿ ತಮ್ಮನಿಗೆಂದು ಮಾಡಿಕೊಂಡು ಬಂದ ಎಳ್ಳು ಹಚ್ಚಿದ ಸಜ್ಜೆ ರೊಟ್ಟಿಗಳಿದ್ದವು. ಗಂಟು ಬಿಚ್ಚಿ ಒಂದನ್ನು ತೆಗೆದು ನಾಯಿಯ ಮುಂದೆ ಹಾಕಿದಳು. ಅಳು ನಿಂತಿತು. ಅವಳು ಹೊಸ್ತಿಲು ದಾಟಿ ಒಳಗೆ ಹೋದಳು.

ಅವರಿಬ್ಬರು ಏನು ಮಾತಾಡಿಕೊಂಡರೋ ನನಗೆ ಪೂರ್ತಿ ಗೊತ್ತಿಲ್ಲ. ನಾನು ನೀರು ತೆಗೆದುಕೊಂಡು ಹೋದಾಗ ಅಪ್ಪ, "ಅವ್ವನ ಮಣ್ಣಿಗೆ ನಾ..." ಅಂತ ಶುರುಮಾಡಿದ್ದ. ಅತ್ತೆ ಅವನ ಬಾಯಿಯ ಮೇಲೆ ಕೈಯಿಟ್ಟು, "ಸುಮ್ನ ಮಕ್ಕೋ" ಅಂದಳು. ರೊಟ್ಟಿ ಹಾಲಿನಲ್ಲಿ ನೆನೆಸಿ ತಿನ್ನಿಸಿದಳು. ಎರಡು ತುತ್ತು ಹೋಯಿತು, ಮೂರನೆಯದು ವಾಪಸು ಬಂತು. ಅವಳು ಊರಿಗೆ ಹೋಗಲಿಲ್ಲ, ಅವನ ಮಂಚದ ಪಕ್ಕದಲ್ಲೇ ಚಾಪೆ ಹಾಸಿಕೊಂಡಳು. ಅಪ್ಪ ನೋವಿನಲ್ಲಿ ನರಳುವಾಗ ಅವಳು ಅವನನ್ನು ಚಿಕ್ಕವನಾಗಿದ್ದಾಗ ಕರೆಯುತ್ತಿದ್ದ ಹೆಸರಿನಿಂದ ಕರೆಯುತ್ತಿದ್ದಳು. ಆ ಹೆಸರು ನಾನು ಅಲ್ಲಿಯವರೆಗೆ ಕೇಳಿಯೇ ಇರಲಿಲ್ಲ.

ನನ್ನ ಕಡೆ ಮಾತ್ರ ಗೋಡೆಯೇ.

ಒಂದು ಮಧ್ಯಾಹ್ನ ಅತ್ತೆ ಹಿತ್ತಲಲ್ಲಿ ಬಟ್ಟೆ ಒಗೆಯುತ್ತಿದ್ದಳು, ಅವ್ವ ಮಲಗಿದ್ದಳು. ನಾನು ಹಾಸಿಗೆಯ ಕಾಲ್ದೆಸೆಯಲ್ಲಿ ಸುಮ್ಮನೆ ಕೂತಿದ್ದೆ. ಅವನು ಮಲಗಿದ್ದಾನೆ ಅಂದುಕೊಂಡಿದ್ದೆ. ಮುಖ ಗೋಡೆಯ ಕಡೆಗೇ ಇಟ್ಟುಕೊಂಡು ಅವನು ಕೇಳಿದ.

"ಮೊದ್ಲನೇ ಸಲ ಅತ್ತಾಗ ರೊಟ್ಟಿ ಯಾರ ಹಾಕಿದ್ರು?"

ನಾನು ನೆನಪು ಮಾಡಿಕೊಂಡೆ. ಊದಿನಕಡ್ಡಿ, ಅವ್ವನ ಕೈಯಲ್ಲಿನ ಕಲ್ಲು, ಹೊಡೀಬ್ಯಾಡ ಅಂದ ಇವನ ಧ್ವನಿ, ಹಲಗೆಗೆ ಮೂಗು ಹಚ್ಚಿ ಮಲಗಿದ ನಾಯಿ. ಇಷ್ಟೆಲ್ಲ ಲೆಕ್ಕ ಹಾಕಿದವಳು ನಾನು, ಆ ಮೊದಲನೆಯ ಸಂಜೆಯನ್ನು ಬಿಟ್ಟೇಬಿಟ್ಟಿದ್ದೆ.

"ಯಾರೂ ಹಾಕಿದ್ದಿಲ್ಲಪ್ಪಾ" ಅಂದೆ.

ಅವನು ಬಹಳ ಕಷ್ಟಪಟ್ಟು ಹೊರಳಿದ. ನನ್ನ ಕಡೆಗೆ ಮುಖ ಮಾಡಿದ. ಕಣ್ಣು ಪೂರ್ತಿ ಹಳದಿ.

"ಹಲಗಿ ತಗಿ" ಅಂದ. "ಅದನ್ನ ಒಳಗ ಬಿಡು."

ಹೋಗಿ ಹಲಗೆ ಸರಿಸಿದೆ. ನಾಯಿ ನನ್ನ ಕೈ ನೋಡಲಿಲ್ಲ, ರೊಟ್ಟಿ ಇದೆಯೋ ಇಲ್ಲವೋ ಮೂಸಲಿಲ್ಲ. ನೇರ ಒಳಕೋಣೆಗೆ ಹೋಗಿ ಮಂಚದ ಕೆಳಗೆ ತನ್ನ ಹಳೆಯ ಜಾಗದಲ್ಲಿ ಮಲಗಿತು. ಅಪ್ಪ ಕೈ ಕೆಳಗೆ ಇಳಿಬಿಟ್ಟ. ಅದು ಆ ಕೈಗೆ ತಲೆ ಆನಿಸಿತು. ಅದಕ್ಕೆ ಅಳುವುದನ್ನು ಕಲಿಸಿದೆವು, ಅಳದಿರುವುದನ್ನು ಕಲಿಸಿದೆವು, ಮತ್ತೆ ಅಳಿಸಿದೆವು. ಹೊಲಿಗೆ ಎಂದೋ ಒಣಗಿದ್ದವು. ಆ ಹಲಗೆಯನ್ನು ತೆಗೆಯುವುದು ನಮ್ಮಲ್ಲಿ ಒಬ್ಬರಿಗೂ ಹೊಳೆದಿರಲಿಲ್ಲ.

ಅಪ್ಪ ಹೋದದ್ದು ಅದೇ ವಾರ, ಬೆಳಿಗ್ಗೆ, ರೊಟ್ಟಿಯ ಹೊತ್ತಿನಲ್ಲಿ. ಅತ್ತೆ ತಮ್ಮನ ಮುಖ ನೋಡಿದಳು, ಬೇಕಾದಷ್ಟು ಹೊತ್ತು ನೋಡಿದಳು, ಯಾರೂ ಅವಸರ ಮಾಡಲಿಲ್ಲ. ಓಣಿಯವರೆಲ್ಲ ಬಂದು ನಾಯಿ ಅಳುತ್ತದೆಂದು ಕಾಯ್ದರು. ಅದು ಅಳಲಿಲ್ಲ. ಮಂಚದ ಕೆಳಗಿಂದ ಹೊರಗೂ ಬರಲಿಲ್ಲ. ಒಲೆ ಹಚ್ಚದ ಮನೆಗೆ ಚಾಚಿ ತನ್ನ ಮನೆಯಿಂದ ರೊಟ್ಟಿ ಮಾಡಿಕೊಂಡು ಬಂದಳು. ನಾನು ಒಂದನ್ನು ಮುರಿದು ಅರ್ಧ ಮಂಚದ ಕೆಳಗೆ ಇಟ್ಟೆ. ಮರುದಿನ ಕಸ ಹೊಡೆಯುವಾಗ ಆ ಅರ್ಧ ರೊಟ್ಟಿ ಹಾಗೇ ಒಣಗಿ ಬಿದ್ದಿತ್ತು.